ಪಟೇಲರ ಪಾಲಿನ ಬಿಳಿ ಹೋಳು

“ಹಂದಿ ಬ್ಯಾಡಂತ. ಅದ್ರಾಗ ಬಿಳೇವು ಹೋಳು ತೇಲ್ತಾವಲ್ಲ, ಅವಷ್ಟೇ ಕೊಡಬೇಕಂತ,” ಎಂದ ಸಾಯಪ್ಪ. ಗಂಗಾರಾಮ ಪಟೇಲರ ಮನೆಯ ಆಳು ಅವನು. ಕೈಯಲ್ಲಿ ಹಿತ್ತಾಳೆ ಡಬ್ಬಿ, ಮೂಗಿನ ಮೇಲೆ ಹೆಗಲ ವಸ್ತ್ರದ ತುದಿ. ವಸ್ತ್ರ ಆಗಾಗ ಜಾರುತ್ತಿತ್ತು. ಎತ್ತಿಕೊಳ್ಳಲು ಅವನಿಗೆ ಅಂಥ ಅವಸರವೇನೂ ಇರಲಿಲ್ಲ.

ಅಂಜಪ್ಪ ಒಲೆಯ ಮುಂದಿನಿಂದ ಏಳಲಿಲ್ಲ. ನಿಜಾಮರ ಫೌಜಿನ ಸಾಮಾನು ಹೊರಲು ಹೋಗಿ ಮಲಯಾದಲ್ಲಿ ಜಪಾನಿಯರ ಕೈಗೆ ಸಿಕ್ಕಿದ್ದವನು ಅವನು. ಯುದ್ಧ ಮುಗಿದು ಊರಿಗೆ ಮರಳುವ ಹಡಗಿಗಾಗಿ ಬಿದ್ದುಕೊಂಡಿದ್ದಾಗ, ಅಲ್ಲಿಯವರೆಗೆ ಜಪಾನಿಯರ ಪರವಾಗಿ ಅವನನ್ನು ಕಾವಲು ಕಾಯುತ್ತಿದ್ದ ಕೊರಿಯಾದವನೂ ಹಡಗಿಲ್ಲದೆ ಪಕ್ಕದಲ್ಲೇ ಬಂದು ಕುಳಿತ. ಅವನು ತಗಡಿನ ಡಬ್ಬದಲ್ಲಿ ಕುದಿಸಿ ಉಣಿಸಿದ ಸಾರು ಇದು: ಹಂದಿ, ಕೆಂಪು ಖಾರ, ಬೆಳ್ಳುಳ್ಳಿ, ಹುಳಿಬರಿಸಿದ ಕಾಳಿನ ಮುದ್ದೆ, ಕೊನೆಗೆ ಕಾಳಿನ ಹಾಲಿನ ಮೆತ್ತನೆ ಬಿಳಿ ಹೋಳು. ಅಲ್ಲಿಯ ಕಾಳು ನಾರಾಯಣಖೇಡದ ಪೇಟೆಯಲ್ಲಿ ಯಾರಿಗೂ ಗೊತ್ತಿಲ್ಲ. ಅಂಜಪ್ಪ ಅವರೆ ನೆನೆಸಿ, ರುಬ್ಬಿ, ಧೋತರದಲ್ಲಿ ಸೋಸಿ, ಗಟ್ಟಿಯಾಗುವವರೆಗೆ ಕಾಯಿಸಿ ತಟ್ಟೆಗೆ ಸುರಿದು, ಆರಿದ ಮೇಲೆ ಹೋಳು ಮಾಡಿ ಸಾರಿಗೆ ಬಿಟ್ಟಿದ್ದ.

ಅದಷ್ಟೂ ತಾಯಿ ಲಚ್ಚಮ್ಮನಿಗಾಗಿ. ಮಗ ತಿರುಗಿ ಬರುವಷ್ಟರಲ್ಲಿ ಅವಳ ಬಾಯಲ್ಲಿ ಒಂದು ಹಲ್ಲೂ ಉಳಿದಿರಲಿಲ್ಲ. ಕೇರಿಯಲ್ಲಿ ಹಂದಿ ಕಡಿದ ದಿನ ಎಲ್ಲರೂ ಅಗಿಯುವುದನ್ನು ನೋಡುತ್ತ ಕೂರುತ್ತಿದ್ದಳು. ಈ ಹೋಳಿಗೆ ಹಲ್ಲು ಬೇಡ. ಕೊಬ್ಬಿನ ರುಚಿಯನ್ನೆಲ್ಲ ಹೀರಿಕೊಂಡು ನಾಲಿಗೆಯ ಮೇಲೆಯೇ ಕರಗುತ್ತದೆ. ಆಗಿದ್ದುದು ಒಂದೇ ತಟ್ಟೆ.

“ಪಟೇಲರು ಪಂಢರಪುರಕ್ಕ ಹೋಗಿ ತುಳಸಿ ಮಾಳಿ ಹಾಕ್ಕೊಂಡು ಬಂದಾರಲ್ಲೋ,” ಎಂದ ಅಂಜಪ್ಪ. “ಉಳ್ಳಾಗಡ್ಡಿ ಸೈತ ಮುಟ್ಟಲ್ಲ.”

“ಅದಕ್ಕೇ ಭಟ್ರನ್ನ ಕೇಳ್ಯಾರ. ಕಾಳು ಹೊಲದಾಗ ಬೆಳೀತದ, ಹೊಲ ಪಟೇಲರದು. ಯಾರ ಗಡಿಗ್ಯಾಗ ಬಿದ್ರೂ ಕಾಳು ಪಟೇಲರದೇ. ಹೊಲಕ್ಕ ಗೊಬ್ಬರ ಹಾಕ್ತೀವಿ, ಹಂಗಂತ ಜ್ವಾಳ ಉಣ್ಣೋದು ಬಿಡ್ತೀವೇನು, ಅಂದ್ರಂತ.”

“ಹಂದಿ ಕೊಬ್ಬಿನಾಗ ಕುದ್ದಾವಪಾ ಅವು.”

“ಮೂರು ನೀರಾಗ ತೊಳೆದ್ರ ಶುದ್ಧ ಅಂದಾರ ಭಟ್ರು.”

“ತೊಳೆದ್ರ ರುಚಿ ಎಲ್ಲಿ ಉಳೀತದ?”

ಸಾಯಪ್ಪ ಓಣಿಯ ಎರಡೂ ತುದಿ ನೋಡಿ ದನಿ ತಗ್ಗಿಸಿದ. “ಅದಕ್ಕೇ ತೊಳೆಯೋದು ಬ್ಯಾಡ ಅಂದಾರ ಪಟೇಲರು. ರಸ ಸೈತ ಹಾಕು ಅಂದಾರ.”

ಇದೇ ಪಟೇಲರು ಹೋದ ತಿಂಗಳು, ಹುಳಿಗಿಟ್ಟ ಕಾಳಿನ ನಾತಕ್ಕೆ ತಮ್ಮ ದೇವರ ಮನೆ ಮೈಲಿಗೆಯಾಯಿತೆಂದು ಅಂಜಪ್ಪನನ್ನು ಚಾವಡಿಯ ಬಿಸಿಲಲ್ಲಿ ನಿಲ್ಲಿಸಿದ್ದರು. ಇವತ್ತೂ ಗಾಳಿ ಅದೇ ದಿಕ್ಕಿಗಿತ್ತು; ದೇವರು ತಕರಾರು ಮಾಡಿದಂತೆ ಕಾಣಲಿಲ್ಲ.

ಅಂಜಪ್ಪ ಸೌಟು ಹಿಡಿದು ತಾಯಿಯ ಕಡೆ ನೋಡಿದ. ಇಲ್ಲ ಎಂದರೆ ಉಳುವ ತುಂಡು ನೆಲ ನಾಳೆ ಇನ್ನೊಬ್ಬನದು. ಹೂಂ ಎಂದರೆ ಅವಳ ಪಾಲಿಗೆ ಮತ್ತೆ ನೋಡುತ್ತ ಕೂರುವುದೇ.

“ಕೊಡ್ಲೇಬೇಕು,” ಎಂದಳು ಲಚ್ಚಮ್ಮ. “ಕೇರ್ಯಾಗ ಏನ ಕಡುದ್ರೂ ಪಟೇಲರ ಪಾಲು ಪಟೇಲರದೇ. ನಮ್ಮ ಮಾವನ ಕಾಲದ ರಿವಾಜು. ಸಾಯಪ್ಪ, ಕುಂದ್ರು. ಕಿಷ್ಟಾ, ಹಲಗಿ ತಗಿ.”

“ಹಲಗಿ ಯಾಕಬೇ?” ಎಂದ ಸಾಯಪ್ಪ.

“ಪಾಲು ಸುಮ್ಮ ಹೋಗ್ತದೇನೋ? ಓಣಿ ಓಣಿ ಬಡಕೋತ ಹೋಗಿ, ಇಂಥಾದ್ದು ಇಂಥವರ ಮನಿಗಿ ಹೊಂಟದ ಅಂತ ಚಾವಡಿ ಮುಂದ ಕೂಗಬೇಕು. ಇಲ್ಲಂದ್ರ ನಾಳಿ ಪಾಲು ಮುಟ್ಟೇ ಇಲ್ಲ ಅಂತೀರಿ.”

ಅವಳ ಮೈದುನ ಕಿಷ್ಟಪ್ಪ ಊರಿಗೆ ಹಲಗೆ ಬಡಿಯುವವನು. ಹಲಗೆ ತಂದು, ಚರ್ಮ ಬಿಗಿಯಾಗಲೆಂದು ಗಡಿಗೆಯ ಕೆಳಗಿನ ಉರಿಗೇ ಹಿಡಿದ.

“ಯವ್ವಾ, ಇದಕ್ಕ ಹಲಗಿ ಬ್ಯಾಡ. ನಾ ಹಿತ್ತಲ ಬಾಗಲಿಂದ ಒಯ್ತೀನಿ.”

“ಪಟೇಲರ ಇಜ್ಜತ್ ಹಿತ್ತಲ ಬಾಗಲಿಂದ ಹೋಗ್ತದೇನಪಾ? ಕಿಷ್ಟಾ, ಹಂದಿ ರಸ ಅನ್ನೋದು ಸಾಫ್ ಕೂಗು. ಪ್ಯಾಟಿ ತನಕ ಕೇಳ್ಲಿ.”

ಕಿಷ್ಟಪ್ಪ ಹಲಗೆಯ ಅಂಚಿಗೆ ಬೆರಳಿನಿಂದ ಒಮ್ಮೆ ತಟ್ಟಿ ನೋಡಿದ. ಎದುರು ಮನೆಯಿಂದ ಇಬ್ಬರು ಹೊರಗೆ ಬಂದರು. ಸಾಯಪ್ಪ ಡಬ್ಬಿಯನ್ನು ವಸ್ತ್ರದಡಿ ಸೇರಿಸಿಕೊಂಡ.

“ಪಟೇಲರಿಗಿ ಏನ ಹೇಳ್ಲಿ?”

“ಹಲಗಿ ಕಾಯಾಕತ್ತದ, ಜರಾ ತಡೀರಿ ಅಂತ ಹೇಳು,” ಎಂದಳು ಲಚ್ಚಮ್ಮ.

ಸಾಯಪ್ಪ ಖಾಲಿ ಡಬ್ಬಿಯೊಂದಿಗೆ ಓಣಿ ದಾಟಿದ ಮೇಲೆ, ಅಂಜಪ್ಪ ಹೋಳುಗಳನ್ನು ಒಡೆಯದಂತೆ ಒಂದೊಂದೇ ಎತ್ತಿ ತಾಯಿಯ ತಟ್ಟೆಗೆ ಹಾಕಿದ. ಲಚ್ಚಮ್ಮ ಒಂದನ್ನು ಬಾಯಿಗಿಟ್ಟು ತುಟಿ ಮುಚ್ಚಿದಳು. ಖಾರಕ್ಕೆ ಕಣ್ಣಲ್ಲಿ ನೀರು ಬಂತು. ಅದನ್ನು ಒರೆಸಿಕೊಳ್ಳದೆ ಇನ್ನೊಂದಕ್ಕೆ ಕೈ ಹಾಕಿದಳು.