ಹಿಂದಿನ ಸಾಲಿಗೆ ಕೇಳುವಂತೆ

"ನಿಮ್ಮ ಹತ್ರ ಮಾತಾಡೋದಕ್ಕಿಂತ ಡಿಶ್‌ವಾಷರ್ ಹತ್ರ ಮಾತಾಡೋದು ವಾಸಿ. ಅದು ಒಂದು ಗಂಟೆ ಆದ್ಮೇಲಾದ್ರೂ ನಿಲ್ಲುತ್ತೆ."

ಅಮೆರಿಕದ ಹರ್ನ್‌ಡನ್‌ನ ಶಾಲೆಯೊಂದರ ಸಭಾಂಗಣದಲ್ಲಿ ಕೂತಿದ್ದ ಇನ್ನೂರು ಕನ್ನಡಿಗರು ಹೊಟ್ಟೆ ಹಿಡಿದುಕೊಂಡು ನಕ್ಕರು. ವೇದಿಕೆಯ ಮೇಲೆ ಆ ಮಾತು ಹೇಳಿದ ವಸಂತಾಳಿಗೆ ಮೈಯೆಲ್ಲ ಉರಿಯಿತು. ಫೆಬ್ರವರಿಯಲ್ಲಿ ತನ್ನ ಅಡುಗೆಮನೆಯಲ್ಲಿ ನಿಂತು, ಅಳುತ್ತಾ, ಅವಳು ಗಂಡನಿಗೆ ಹೇಳಿದ ಮಾತು ಅದು. ಗಂಡ ಮುರಳೀಧರ ಒಂದಕ್ಷರ ಬಿಡದೆ ನಾಟಕಕ್ಕೆ ಸೇರಿಸಿದ್ದ. ಮೊದಲ ರಿಹರ್ಸಲ್ ದಿನವೇ ಎದ್ದು ಹೋಗಬಹುದಿತ್ತು. ಹೋದರೆ ಯಾಕೆಂದು ಎಲ್ಲರಿಗೂ ವಿವರಿಸಬೇಕಾಗುತ್ತಿತ್ತು.

ಮುರಳೀಧರ ಲೈಬ್ರರಿಯಿಂದ ಹಳೆಯ ಕಪ್ಪು ಬಿಳುಪು ಹಾಲಿವುಡ್ ಚಿತ್ರವೊಂದರ ಕ್ಯಾಸೆಟ್ ತಂದು, ಹತ್ತು ಸಲ ನೋಡಿ, ಯುಗಾದಿ ಕಾರ್ಯಕ್ರಮಕ್ಕೆಂದು ಕನ್ನಡಕ್ಕೆ ಇಳಿಸಿದ್ದ. ಅದು ಮೊದಲು ನಾಟಕವೇ ಆಗಿತ್ತಂತೆ, ತಾನು ಅದನ್ನು ತವರುಮನೆಗೆ ಕಳಿಸುತ್ತಿದ್ದೇನೆ ಎಂದು ಕನ್ನಡ ಸಂಘದ ಕಮಿಟಿಯಲ್ಲಿ ಹೇಳಿ ಚಪ್ಪಾಳೆಯನ್ನೂ ಗಿಟ್ಟಿಸಿದ್ದ. ಚಿತ್ರದಲ್ಲಿ ಗಂಡನನ್ನು ಬಿಟ್ಟವಳು ಇನ್ನೊಬ್ಬನನ್ನು ಮದುವೆಯಾಗಲು ಹೊರಟಿರುತ್ತಾಳೆ, ಜಗಳಾಡಿ ನಗಿಸಿ ಕೊನೆಗೆ ಹಳೆಯವನಿಗೇ ಮರಳುತ್ತಾಳೆ. ಎರಡನೇ ಮದುವೆ ನಮ್ಮವರಿಗೆ ಹಿಡಿಸದು ಎಂದು ಕಮಿಟಿಯ ಹಿರಿಯ ಕೇಶವಮೂರ್ತಿಗಳು ಆಕ್ಷೇಪಿಸಿದರು. ಮುರಳೀಧರ ಎರಡನೇ ಗಂಡನನ್ನು ತೆಗೆದು, ಆ ಜಾಗಕ್ಕೆ ದೂರದ ಊರಿನ ಒಂದು ಕೆಲಸವನ್ನು ತಂದ. ಗಂಡಹೆಂಡಿರ ಜಗಳ ಉಂಡು ಮಲಗುವ ತನಕ ಎಂದು ಕೇಶವಮೂರ್ತಿಗಳು ಸಂತೋಷಪಟ್ಟರು. ಆ ಗಾದೆ ಕಟ್ಟಿದವನಿಗೆ ಮದುವೆಯಾಗಿರಲಿಕ್ಕಿಲ್ಲ.

ದೂರದ ಊರಿನ ಕೆಲಸ ನಿಜವಾಗಿಯೂ ಇತ್ತು. ಡರ್ಹಮ್‌ನ ಒಂದು ಆಸ್ಪತ್ರೆಯ ಲ್ಯಾಬಿನಲ್ಲಿ ವಸಂತಾ ಬರುವ ಸೋಮವಾರ ಹಾಜರಾಗಬೇಕಿತ್ತು. ಅದು ಗೊತ್ತಿದ್ದುದು ಗಂಡಹೆಂಡತಿ ಇಬ್ಬರಿಗೇ. ಎಂಟು ವರ್ಷ ಮನೆ ನೋಡಿಕೊಂಡವಳಿಗೆ ಈಗ ಇದೊಂದು ಹುಚ್ಚು ಎಂದು ಮುರಳೀಧರ ಕೂಗಾಡಿದ್ದ, ಹೋದರೆ ವಾಪಸ್ಸು ಬರಬೇಡ ಎಂದಿದ್ದ. ಆಮೇಲೆ ಮಾತು ನಿಂತಿತು. ಎರಡು ತಿಂಗಳಿಂದ ಅವರ ನಡುವೆ ಉಳಿದದ್ದು ಪ್ರಾಂಪ್ಟಿಂಗ್ ಒಂದೇ. ಅವನು ಪರದೆಯ ಹಿಂದೆ ನಿಂತು ಸಾಲು ಹೇಳಿಕೊಡುವನು, ಇವಳು ಮುಂದೆ ನಿಂತು ಅದನ್ನೇ ಒಪ್ಪಿಸುವಳು. ದಿನಾ ಒಂದೇ ತಕರಾರು: "ಜೋರಾಗಿ ಹೇಳು. ಹಿಂದಿನ ಸಾಲಿಗೆ ಕೇಳಿಸಲ್ಲ." ಕೊನೆಯ ದೃಶ್ಯವನ್ನು ಮಾತ್ರ ಅವಳ ಕೈಗೆ ಕೊಟ್ಟೇ ಇರಲಿಲ್ಲ. ಇನ್ನೂ ತಿದ್ದುತ್ತಿದ್ದೇನೆ, ಹೇಗೂ ಪ್ರಾಂಪ್ಟ್ ಮಾಡುತ್ತೇನಲ್ಲ ಎಂದಿದ್ದ.

ಈಗ ಆ ದೃಶ್ಯ ಬಂದಿತ್ತು. ಗಂಡನ ಪಾತ್ರದ ಡಾಕ್ಟರ್ ಸಿದ್ಧಲಿಂಗೇಶ್ ಮಂಡಿಯೂರಿ ಕೂತರು. ವಸಂತಾಳ ಪಕ್ಕದಲ್ಲಿ ಸೂಟ್‌ಕೇಸು ಇತ್ತು. ಪರದೆಯ ಹಿಂದಿನಿಂದ ಪಿಸುದನಿ ಬಂತು.

"ನಾನು ಡರ್ಹಮ್‌ಗೆ ಹೋಗಲ್ಲ. ನಿಮ್ಮನ್ನ ಬಿಟ್ಟು ಇರೋಕೆ ನನ್ನ ಕೈಲಾಗಲ್ಲ."

ವಸಂತಾ ಸೂಟ್‌ಕೇಸಿನ ಹಿಡಿ ಹಿಡಿದುಕೊಂಡಳು. ಊರಿನ ಹೆಸರನ್ನೂ ಇಟ್ಟಿದ್ದಾನೆ. ಇನ್ನೂರು ಜನರ ಎದುರು ಹೇಳಿಸಿಬಿಟ್ಟರೆ ನಾಳೆ ಇವಳು ಯಾವ ಮುಖ ಹೊತ್ತು ಹೋದಾಳು ಎಂಬ ಲೆಕ್ಕಾಚಾರ ಅವಳಿಗೆ ಆಗ ಅರ್ಥವಾಯಿತು. ಇಂಥವನ ಜೊತೆ ಎಂಟು ವರ್ಷ ಬಾಳಿದೆನಲ್ಲ ಎಂದು ಹೇಸಿಗೆಯಾಯಿತು.

ಪಿಸುದನಿ ಎರಡನೇ ಸಲ ಬಂತು, ಸ್ವಲ್ಪ ಜೋರಾಗಿ. ಮುಂದಿನ ಸಾಲಿನವರು ಕೇಳಿಸಿಕೊಂಡು ಕಿಸಕ್ಕೆಂದರು. ಪಾಪ, ಸಾಲು ಮರೆತಿದ್ದಾಳೆ ಎಂದು ಯಾರೋ ಅಂದರು. ಸಿದ್ಧಲಿಂಗೇಶ್ ಹುಬ್ಬಳ್ಳಿಯ ಕಡೆಯವರು, ನಾಟಕ ನಿಲ್ಲಬಾರದೆಂದು ತಾವೇ ಒಂದು ಮಾತು ಸೇರಿಸಿದರು.

"ಏನರೆ ಹೇಳ್ರಲಾ. ಮೊಣಕಾಲು ನೋಯಾಕತ್ತಾವು."

ಸಭೆ ಮತ್ತೆ ನಕ್ಕಿತು. ವಸಂತಾ ಪರದೆಯ ಕಡೆ ತಿರುಗಿದಳು.

"ಜೋರಾಗಿ ಹೇಳಿ. ಹಿಂದಿನ ಸಾಲಿಗೆ ಕೇಳಿಸಲ್ಲ."

ನಗೆ ಚಾವಣಿ ಮುಟ್ಟಿತು. ಮುರಳೀಧರನಿಗೆ ಸಿಟ್ಟು ನೆತ್ತಿಗೇರಿತು. ಅವನು ಪುಸ್ತಕ ನೋಡದೆ ಕೂಗಿಯೇಬಿಟ್ಟ.

"ಬಿಟ್ಟು ಇರೋಕೆ ನನ್ನ ಕೈಲಾಗಲ್ಲ!"

ಕಡೆಯಲ್ಲಿ ಅವನ ದನಿ ಒಡೆಯಿತು. ನಗೆ ಅಲ್ಲಲ್ಲಿ ತಡವರಿಸಿತು. ಈ ಮಾತನ್ನು ಫೆಬ್ರವರಿಯಲ್ಲಿ ಅಡುಗೆಮನೆಯಲ್ಲಿ ಅಂದಿದ್ದರೆ ವಸಂತಾ ಕೂತು ಕೇಳುತ್ತಿದ್ದಳು.

"ಕೇಳಿಸ್ತು" ಎಂದಳು.

ಸಿದ್ಧಲಿಂಗೇಶರ ಪಕ್ಕದಿಂದ ಹಾದು ಹೊರಟವಳನ್ನು ನೋಡಿ ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಇಂಥ ಮುಕ್ತಾಯ ಯಾವ ಚಿತ್ರದಲ್ಲೂ ನೋಡಿಲ್ಲ ಎಂದು ಕೇಶವಮೂರ್ತಿಗಳು ಪಕ್ಕದವರಿಗೆ ಹೇಳಿದರು. ಪರದೆಯ ಹಗ್ಗ ಎಳೆಯಬೇಕಾದ ಮುರಳೀಧರ ಎಳೆಯದೆ ಅವಳನ್ನೇ ನೋಡುತ್ತಿದ್ದ. ರಿಹರ್ಸಲ್‌ನಲ್ಲಿ ಖಾಲಿ ಇರುತ್ತಿದ್ದ ಆ ಸೂಟ್‌ಕೇಸನ್ನು ಅವಳು ಎರಡು ಬೆರಳಲ್ಲಿ ತೂಗಾಡಿಸಿಕೊಂಡು ಹೋಗುತ್ತಿದ್ದಳು. ಇವತ್ತು ಎರಡೂ ಕೈಯಲ್ಲಿ ಹಿಡಿದು, ಒಂದು ಕಡೆ ವಾಲಿಕೊಂಡು, ಪಾರ್ಕಿಂಗ್ ಲಾಟಿನ ಬಾಗಿಲ ಕಡೆ ನಡೆದಳು.