ಗಡಿಯಾರದೊಳಗೆ ಕಾದಿದ್ದ ಸಹಿ

ಗಡಿಯಾರ ರಿಪೇರಿಯವನು ತೀರಿಕೊಂಡು ಮೂರು ತಿಂಗಳಾದ ಮೇಲೆ ಅವನ ಸಹಿ ಮನೆಗೆ ಬಂತು.

ಅವನ ಹೆಂಡತಿಯ ವಿರುದ್ಧ ಮೈದುನ ಕೋರ್ಟಿಗೆ ಹಾಕಿದ್ದ ಉಯಿಲಿನ ನಕಲು ಅದು. ಮನೆ, ಮುಂದಿನ ಅಂಗಡಿ ಎರಡನ್ನೂ ತಮ್ಮನಿಗೆ ಬಿಟ್ಟಿದ್ದೇನೆ ಎಂದು ಬರೆದಿತ್ತು. ಕೆಳಗೆ ಗಂಡನದೇ ಸಹಿ. ಕೊನೆಯ ಅಕ್ಷರದ ಬಾಲ ಎಂದಿನಂತೆ ಸುರುಳಿ ಸುತ್ತಿತ್ತು. ಹೆಂಡತಿ ಅದನ್ನು ಎರಡೆರಡು ಸಲ ಓದಿದಳು.

"ಅವರದೇ ಕೈ ಅಕ್ಕಾ," ಎಂದಳು ಪಕ್ಕದ ಮನೆಯ ಟೈಪಿಸ್ಟಮ್ಮನಿಗೆ. ಆಕೆ ಮೂವತ್ತು ವರ್ಷ ಕೋರ್ಟಿನಲ್ಲಿ ಟೈಪು ಮಾಡಿದವಳು. "ನನಗೊಂದು ಮಾತೂ ಹೇಳದೆ ಬೀದಿಗೆ ಹಾಕಿ ಹೋದ್ರಲ್ಲ."

"ನಿನ್ನ ಕಣ್ಣೇನು ಭೂತಗನ್ನಡಿಯೇನೇ? ಸತ್ತವನ ಮೇಲೆ ಗೂಬೆ ಕೂರಿಸಬೇಡ. ಸಹಿ ನೋಡೋದಕ್ಕೇ ಕಲಿತ ತಜ್ಞರಿದ್ದಾರೆ. ವಕೀಲರಿಂದ ಅರ್ಜಿ ಹಾಕಿಸು, ಅಸಲು ಪತ್ರಾನೇ ಅವರ ಹತ್ರ ಕಳಿಸಿ ಅಂತ ಕೇಳು. ನಕಲಲ್ಲಿ ಪೆನ್ನಿನ ಒತ್ತು ಕಾಣಲ್ಲ. ಹೋಲಿಸೋಕೆ ಅವನ ಬೇರೆ ಸಹಿಗಳೂ ಬೇಕು, ತಾರೀಖು ಇರೋವು. ಎಲ್ಲಿವೆ?"

ಹೆಂಡತಿ ಗೋಡೆಯ ಗಡಿಯಾರದತ್ತ ನೋಡಿದಳು. ರಿಪೇರಿಯಾದ ಪ್ರತಿ ಗಡಿಯಾರದ ಬೆನ್ನೊಳಗೆ ತಾರೀಖು, ಸಹಿ ಹಾಕಿದ ಒಂದು ಚೀಟಿ ಸಿಕ್ಕಿಸುವುದು ಅವನ ರೂಢಿ.

ಇಬ್ಬರೂ ಬೀದಿಯ ಮನೆ ಮನೆಗೆ ಹೋದರು. ಮುಚ್ಚಳ ತೆಗೆದಲ್ಲೆಲ್ಲ ಅವನಿದ್ದ. ಟಿಕ್ ಟಿಕ್ ಸದ್ದಿನ ಹಿಂದೆ, ಕತ್ತಲಲ್ಲಿ, ಯಾರೋ ಬರಲೆಂದು ಕಾದು ಕುಳಿತವನಂತೆ.

"ಚೀಟಿ ಒಯ್ಯಮ್ಮ, ಗಡಿಯಾರ ಮಾತ್ರ ಬಿಟ್ಹೋಗು. ಒಲೆಯಲ್ಲಿ ಬ್ರೆಡ್ಡಿದೆ," ಎಂದ ಬೇಕರಿಯವನು.

ಟೈಪಿಸ್ಟಮ್ಮ ಚೀಟಿಗಳನ್ನು ಸಾಲಾಗಿಟ್ಟಳು. ಒಂದು ಸಹಿ ದುಂಡಗೆ, ಒಂದು ಅವಸರದ್ದು, ಒಂದು ಜ್ವರದಲ್ಲಿ ನಡುಗಿದ್ದು. "ನೋಡಿದ್ಯಾ? ಜೀವ ಇರೋ ಕೈ ಎರಡು ಸಲ ತದ್ರೂಪು ಹಾಗೇ ಬರೆಯಲ್ಲ."

ಕೊನೆಗೆ ಹೆಂಡತಿಯ ಮನೆಯದೇ ಗೋಡೆ ಗಡಿಯಾರ. ಸಾವಿನ ವಾರದಲ್ಲೇ, "ಅಣ್ಣನ ನೆನಪಿಗೆ ನಾಲ್ಕು ದಿನ ನಮ್ಮಲ್ಲಿರಲಿ ಅತ್ತಿಗೆ," ಎಂದು ಮೈದುನ ಅದನ್ನು ಒಯ್ದು, ಮರಳಿಸಿದ್ದ. ಒಳಗಿನ ಚೀಟಿ ಎಣ್ಣೆಯಿಂದ ಮಾಸಿತ್ತು. ಗಡಿಯಾರಗಳ ಮುಖದ ಮಾಸಿದ ಅಂಕಿಗಳನ್ನು ತಿದ್ದಿಕೊಡುತ್ತಿದ್ದವಳು ಹೆಂಡತಿಯೇ. ಕೈ ತಾನಾಗಿ ಪೆನ್ನಿಗೆ ಹೋಯಿತು.

"ಕೈ ತೆಗಿ!" ಟೈಪಿಸ್ಟಮ್ಮ ಗದರಿದಳು. "ಒಂದು ಗೆರೆ ತಿದ್ದಿದ್ರೂ ಸಾಕ್ಷಿ ಹೋಯ್ತು. ಒರೆಸಬೇಡ, ಮಡಚಬೇಡ, ಲ್ಯಾಮಿನೇಷನ್ ಬೇಡವೇ ಬೇಡ. ಹೇಗಿದ್ಯೋ ಹಾಗೇ ಲಕೋಟೆಗೆ ಹಾಕು."

ಕೆಲವು ತಿಂಗಳ ನಂತರ ತಜ್ಞೆ ಕೋರ್ಟಿನಲ್ಲಿ ನಿಂತರು. ಉಯಿಲಿನ ಸಹಿಯ ಚಿತ್ರವನ್ನು ಆ ಮಾಸಿದ ಚೀಟಿಯ ಸಹಿಯ ಮೇಲಿಟ್ಟರು. ಕೂದಲೆಳೆಯಷ್ಟೂ ಆಚೀಚೆಯಾಗದೆ ಎರಡೂ ಒಂದಾದವು. ಆಮೇಲೆ ಪಕ್ಕದಿಂದ ಬೆಳಕು ಹಾಯಿಸಿ ತೆಗೆದ ಚಿತ್ರ ತೋರಿಸಿದರು: ಚೀಟಿಯ ಗೆರೆಗಳ ಮೇಲೆ ಯಾರೋ ಮೊನೆಯೊತ್ತಿ ಎಳೆದ ಸಣ್ಣ ಹಳ್ಳ.

"ಉಯಿಲಿನಲ್ಲಿ ಪೆನ್ನು ಅಲ್ಲಲ್ಲಿ ನಿಂತು ಶಾಯಿ ಹೆಪ್ಪುಗಟ್ಟಿದೆ," ಎಂದರು. "ಇದು ಹಾಕಿದ ಸಹಿಯಲ್ಲ. ಈ ಚೀಟಿಯನ್ನು ಮೇಲಿಟ್ಟು, ಗೆರೆ ತೀಡಿ ಎತ್ತಿದ್ದು."

ಉಳಿದ ಸಾಕ್ಷಿಗಳನ್ನೂ ಕೇಳಿ ನ್ಯಾಯಾಧೀಶರು ಉಯಿಲನ್ನು ತಳ್ಳಿಹಾಕಿದರು.

ಮನೆಗೆ ಬಂದವಳೇ ಹೆಂಡತಿ ಗಡಿಯಾರಕ್ಕೆ ಕೈಮುಗಿದಳು. "ನಿಮ್ಮನ್ನೇ ಅನುಮಾನಿಸಿದೆ ರೀ." ಒಳಗಿನಿಂದ ಟಿಕ್ ಟಿಕ್ ಎಂದಿತು, ಹೋಗಲಿ ಬಿಡು ಎಂಬಂತೆ.

ಬಂಧುಗಳೇ, ಕಾಗದದ ಮೇಲೆ ಗುರುತಿನ ಸಹಿ ಕಂಡೊಡನೆ ಸೋತೆವೆಂದು ಕೂರಬೇಡಿ. ವಕೀಲರನ್ನು ಕಾಣಿರಿ, ತಜ್ಞರ ಪರೀಕ್ಷೆ ಕೇಳಿರಿ. ನಿಮ್ಮವರ ಹಳೆಯ ಸಹಿಗಳನ್ನು ತಿದ್ದದೆ, ಒರೆಸದೆ ಕಾಪಾಡಿರಿ. ಮಣ್ಣು ಸೇರಿದ ಕೈ ತನ್ನ ಪರವಾಗಿ ವಾದಿಸಲಾರದು. ದೇವರು ಆ ಕೆಲಸವನ್ನು ನಮ್ಮ ಕೈಗೆ ಬಿಟ್ಟಿದ್ದಾನೆ.