ಲಿಗಾಯಾಳ ಕೊನೆಯ ಕಂತು

ಕುವೈತಿನ ಆಸ್ಪತ್ರೆಯೊಂದರ ಲ್ಯಾಬಿನಲ್ಲಿ ನಾಲ್ಕು ವರ್ಷ ದುಡಿದು ವೇಣೂರಿಗೆ ಮರಳಿದ ವಿಜೇತಾ ಫಿಲಿಪೀನ್ಸಿನವರ ಭಾಷೆಯನ್ನೂ ಕಲಿತು ಬಂದಿದ್ದಳು. ಯಾರೂ ಕೂತು ಕಲಿಸಿದ್ದಲ್ಲ. ಅವಳ ಕೋಣೆಯಲ್ಲಿ ಮನಿಲಾ ಕಡೆಯ ಮೂವರು ಹುಡುಗಿಯರಿದ್ದರು. ಡ್ಯೂಟಿ ಮುಗಿದ ಮೇಲೆ ತಮ್ಮ ಊರಿನ ಧಾರಾವಾಹಿ ಹಾಕಿಕೊಂಡು ಅಳುತ್ತಿದ್ದರು. ಏಕೆ ಅಳುತ್ತಾರೆಂದು ತಿಳಿಯದೆ ಇರುವುದು ವಿಜೇತಾಳಿಂದ ಆಗಲಿಲ್ಲ.

ಅದು ೨೦೦೬. ಊರಿಗೆ ಬಂದ ಮೇಲೂ ಆ ಚಟ ಬಿಡಲಿಲ್ಲ. ವಾರಕ್ಕೊಮ್ಮೆ ಬಸ್ಸು ಹತ್ತಿ ಮೂಡುಬಿದಿರೆಗೆ ಹೋಗಿ, ಝುಬೈರನ ಸೈಬರ್ ಕೆಫೆಯಲ್ಲಿ ಹೊಸ ಕಂತುಗಳನ್ನು ಇಳಿಸಲು ಹೇಳಿ ಬರುತ್ತಿದ್ದಳು. ಜಗತ್ತಿನ ಯಾವ ಮೂಲೆಯಲ್ಲೋ ಇರುವವರ ಕಂಪ್ಯೂಟರುಗಳಿಂದ ಒಂದೊಂದು ಕಂತು ಚೂರುಚೂರಾಗಿ ಬರಲು ಎರಡು ಮೂರು ದಿನ ಹಿಡಿಯುತ್ತಿತ್ತು. ಝುಬೈರ್ ಅದನ್ನು ಸೀಡಿಗೆ ಹಾಕಿ ಕೊಡುತ್ತಿದ್ದ.

ಮೊದಲು ಒಬ್ಬಳೇ ನೋಡುತ್ತಿದ್ದಳು. ಒಂದು ಮಧ್ಯಾಹ್ನ ಅತ್ತೆ ಕಾಂತಿ ಬಾಗಿಲಲ್ಲಿ ನಿಂತು ಕೇಳಿದರು, "ಆ ಹುಡುಗಿ ಯಾಕೆ ಹಾಗೆ ಅಳುವುದು?"

"ಹಾಂಗ್‌ಕಾಂಗಿನಲ್ಲಿ ಮನೆಕೆಲಸಕ್ಕಿದ್ದವಳು ಮಾಮಿ, ಲಿಗಾಯಾ ಅಂತ. ಮಗಳು ಮಲಗಿದ್ದಾಗ ಬಿಟ್ಟು ಹೋದದ್ದು, ಈಗ ಊರಿಗೆ ಬಂದಿದ್ದಾಳೆ. ಮಗಳಿಗೆ ಅವಳ ಗುರ್ತವೇ ಸಿಗ್ಲಿಲ್ಲ."

ಕಾಂತಿ ಬಂದು ಕುಳಿತರು. ಮರುದಿನ ನೆರೆಮನೆಯ ಜುಲೈಕಾ ಬೀಡಿಯ ಗೆರಸೆ ಹಿಡಿದುಕೊಂಡು ಬಂದಳು. ತಿಂಗಳಾಗುವಷ್ಟರಲ್ಲಿ ಏಳು ಮಂದಿ ಹೆಂಗಸರು ಮನೆಯ ಚಾವಡಿಯಲ್ಲಿ ಕುಳಿತು ಬೀಡಿ ಕಟ್ಟುತ್ತ ಫಿಲಿಪೀನ್ಸಿನ ಧಾರಾವಾಹಿ ನೋಡುತ್ತಿದ್ದರು. ವಿಜೇತಾ ಪ್ರತಿ ಮಾತನ್ನೂ ಅಲ್ಲಲ್ಲಿಗೇ ತುಳುವಿಗೆ ತಿರುಗಿಸುತ್ತಿದ್ದಳು. ಎಲೆ ಹರಿದರೆ ಜುಲೈಕಾ "ಆಯ್ ನಾಕು!" ಎನ್ನಲು ಕಲಿತಳು. ಅಲ್ಲಿಯವರ "ಅಯ್ಯೋ" ಅದು.

ನಟ ನಟಿಯರ ಸುದ್ದಿಯೂ ಬರುತ್ತಿತ್ತು. ಅಭಿಮಾನಿಗಳು ಬರೆದುಕೊಳ್ಳುವ ಜಾಲತಾಣದಲ್ಲಿ ಓದಿದ್ದನ್ನು ವಿಜೇತಾ ಬಂದು ಹೇಳುತ್ತಿದ್ದಳು. ಲಿಗಾಯಾಳನ್ನು ಮದುವೆಯಾಗಲು ಕಾದಿರುವ ಅಂದೊಯ್‌ನ ಪಾತ್ರ ಮಾಡುವವನು, ಲಿಗಾಯಾಳ ಪಾತ್ರದ ನಟಿಯ ಜೊತೆಗೇ ನಿಜವಾಗಿಯೂ ಓಡಾಡಿಕೊಂಡಿದ್ದವನು, ಈಗ ಬೇರೊಬ್ಬ ನಟಿಯ ಕೈ ಹಿಡಿದು ಮಾಲ್ ಸುತ್ತುತ್ತಿದ್ದಾನಂತೆ. ಅಭಿಮಾನಿಗಳು ಎರಡು ಪಂಗಡವಾಗಿ ಬಡಿದಾಡುತ್ತಿದ್ದರು. ಆ ಚಾವಡಿಯಲ್ಲಿ ಮಾತ್ರ ಒಂದೇ ಪಂಗಡ. ಕಾಂತಿಯಂತೂ ಅಂದಿನಿಂದ ಅಂದೊಯ್ ತೆರೆಗೆ ಬಂದಾಗಲೆಲ್ಲ ಮುಖ ತಿರುಗಿಸುತ್ತಿದ್ದರು.

ಉಳಿದದ್ದು ಒಂದೇ ಕಂತು. ಲಿಗಾಯಾಳಿಗೆ ಹಾಂಗ್‌ಕಾಂಗಿನಿಂದ ಮತ್ತೆ ಕರೆ ಬಂದಿತ್ತು. ಅಂದೊಯ್ ಇಗರ್ಜಿಯಲ್ಲಿ ಮದುವೆಯ ದಿನ ಗೊತ್ತು ಮಾಡಿದ್ದ. ಅವಳು ವಿಮಾನ ಹತ್ತುವಳೋ, ಮದುವೆಯಾಗುವಳೋ?

ವಿಜೇತಾಳ ಕಪಾಟಿನಲ್ಲೂ ಒಂದು ಪತ್ರವಿತ್ತು. ಹಳೆಯ ಆಸ್ಪತ್ರೆಯವರು ಮತ್ತೆ ಕರೆದಿದ್ದರು, ಈ ಸಲ ಲ್ಯಾಬಿನ ಮೇಲ್ವಿಚಾರಕಿಯಾಗಿ. ಅವಳಿಗೆ ಹೋಗುವ ಆಸೆ, ಆ ಕೆಲಸ ತನ್ನಿಂದ ಆಗುತ್ತದೆಂಬ ಧೈರ್ಯವೂ ಇತ್ತು. ಗಂಡ ಮನೀಷ್ ಪೇಟೆಯಲ್ಲಿ ಹೋಟೆಲು ನಡೆಸುತ್ತಿದ್ದ. "ನೀನು ಹೋಗುವುದಾದ್ರೆ ಹೋಗು, ನನ್ನದೇನೂ ಅಡ್ಡಿ ಇಲ್ಲ" ಎಂದಿದ್ದ. ಆದರೆ ಆರು ವರ್ಷದ ಮಗಳು ಸುರಕ್ಷಾಳನ್ನು ಮತ್ತೆ ಅತ್ತೆಯ ಕೈಗೆ ಒಪ್ಪಿಸುವ ಮಾತು ಹೇಗೆ ಎತ್ತುವುದೆಂದು ತಿಳಿಯದೆ ಮೂರು ವಾರ ಕಳೆದಿದ್ದಳು.

ಕೊನೆಯ ಕಂತು ತರಲು ಹೋದ ದಿನ ಝುಬೈರ್ ತಲೆ ಕೆರೆದುಕೊಂಡ. "ತೊಂಬತ್ತೇಳು ಪರ್ಸೆಂಟಿಗೆ ನಿಂತಿದೆ ಅಕ್ಕ. ಪೂರ್ತಿ ಫೈಲ್ ಇದ್ದದ್ದು ಒಬ್ಬನ ಹತ್ರ ಮಾತ್ರ, ಅವ ಕಂಪ್ಯೂಟರ್ ಆಫ್ ಮಾಡಿದ್ದಾನೆ. ಅವ ಆನ್ ಮಾಡದೆ ನಾನು ಎಂತ ಮಾಡುವುದು?"

ಬರಿಗೈಯಲ್ಲಿ ಬಂದವಳನ್ನು ಕಂಡು ಚಾವಡಿಯ ಹೆಂಗಸರು ರೇಗಿದರು. "ಹಾಗಾದ್ರೆ ನಾವು ಕಾಯುವುದು ಎಷ್ಟು ದಿನ ಮಾರಾಯ್ತಿ?" ಎಂದಳು ಜುಲೈಕಾ.

"ಕಾಯುವುದೆಂತಕ್ಕೆ? ನಾನು ಹೇಳ್ತೇನೆ" ಎಂದರು ಕಾಂತಿ. ಎಲ್ಲರೂ ಅವರತ್ತ ತಿರುಗಿದರು.

"ನಿಮಗೆ ಹೇಗೆ ಗೊತ್ತು ಕಾಂತಿಯಕ್ಕ?"

"ನಲವತ್ತು ಕಂತು ನೋಡಿದ್ದೇನೆ, ಅಷ್ಟು ಗೊತ್ತಾಗುದಿಲ್ವಾ? ಆ ಅಂದೊಯ್ ಇಗರ್ಜಿ ಬಾಗಿಲಲ್ಲಿ ಹೂ ಹಿಡಿದುಕೊಂಡು ನಿಂತಿರ್ತಾನೆ. ನಿಲ್ಲಲಿ. ಮಾಲ್ ಸುತ್ತುವವನಿಗೆ ಕಾಲುನೋವು ಬರುವುದಿಲ್ಲ." ಹೆಂಗಸರು ನಕ್ಕರು. ಕಾಂತಿ ನಗಲಿಲ್ಲ. "ಲಿಗಾಯಾ ಪೆಟ್ಟಿಗೆ ಕಟ್ಟಿ ಹೊರಡ್ತಾಳೆ. ಈ ಸಲ ಕಳ್ಳಿಯ ಹಾಗೆ ಮಗು ಮಲಗಿದ್ದಾಗ ಹೋಗುವುದಲ್ಲ. ಎಬ್ಬಿಸಿ, ಹೇಳಿ ಹೋಗ್ತಾಳೆ. ಕಲಿತ ಕೆಲಸ ಉಂಟು, ಕರೆಯುವವರಿದ್ದಾರೆ, ಯಾಕೆ ಹೋಗಬಾರ್ದು? ಮಗುವಿಗೆ ಅಜ್ಜಿ ಇಲ್ವಾ? ಅಜ್ಜಿ ಸತ್ತಿದ್ದಾಳಾ?"

"ಮಗು ಅಳುದಿಲ್ವಾ?" ಜುಲೈಕಾ ಕೇಳಿದಳು.

"ಅಳ್ತದೆ. ಅತ್ತು ಊಟ ಮಾಡ್ತದೆ."

ವಿಜೇತಾ ಎದ್ದು ಒಳಗೆ ನಡೆದಳು. ಹೆಂಗಸರು ಹೋದ ಮೇಲೆ ಕಾಂತಿ ಅಡುಗೆಮನೆಗೆ ಬಂದರು.

"ಮಾಮಿ, ನಿಮಗೆ ಪತ್ರದ ವಿಷಯ ಗೊತ್ತುಂಟಾ?"

"ಮನೀಷ್ ಅವತ್ತೇ ಹೇಳಿದ. ನೀನು ಹೇಳ್ತೀಯಾ ಅಂತ ಮೂರು ವಾರ ಕಾದೆ. ನನ್ನನ್ನು ಕೇಳಲಿಕ್ಕೆ ನಿನಗೆಂತ ಹೆದರಿಕೆ?"

"ಪುನಃ ನಿಮ್ಮ ಮೇಲೆಯೇ ಹಾಕುವುದು ಹೇಗೆ ಅಂತ..."

"ಹಾಕು. ಆದ್ರೆ ವರ್ಷಕ್ಕೊಮ್ಮೆ ಬರಬೇಕು. ನಾಲ್ಕು ವರ್ಷ ಬಾರದೆ ಕೂತರೆ ನಾನು ಒಪ್ಪುವುದಿಲ್ಲ."

ಮರುದಿನ ಬೆಳಿಗ್ಗೆ ವಿಜೇತಾ ಮೂಡುಬಿದಿರೆಗೆ ಹೋಗಿ ಆಸ್ಪತ್ರೆಗೆ ಒಪ್ಪಿಗೆಯ ಮೇಲ್ ಕಳಿಸಿದಳು. ವರ್ಷಕ್ಕೊಂದು ರಜೆ ಬೇಕೇಬೇಕೆಂದು ಅದರಲ್ಲೇ ಬರೆದಳು. ಅವರು ಒಪ್ಪಿದರು.

ಹತ್ತು ದಿನದ ಮೇಲೆ ಯಾರೋ ಪುಣ್ಯಾತ್ಮ ಎಲ್ಲಿಯೋ ಕಂಪ್ಯೂಟರ್ ಆನ್ ಮಾಡಿದ. ಕೊನೆಯ ಕಂತು ಬಂತು. ಅದರಲ್ಲಿ ಲಿಗಾಯಾ ವಿಮಾನ ನಿಲ್ದಾಣದಿಂದ ತಿರುಗಿ ಓಡಿಬಂದು ಅಂದೊಯ್‌ನನ್ನೇ ಮದುವೆಯಾದಳು. ಜುಲೈಕಾ ಬೀಡಿ ಬದಿಗಿಟ್ಟು ಕಣ್ಣೊರೆಸಿಕೊಂಡಳು, ಅವಳಿಗೆ ಬಹಳ ಇಷ್ಟವಾಯಿತು. ಇನ್ನಿಬ್ಬರು ಮಾತ್ರ ಕಾಂತಿಯಕ್ಕನದ್ದೇ ಒಳ್ಳೆಯದಿತ್ತು ಎಂದರು.

"ಅವರು ತಪ್ಪು ಮಾಡಿದ್ರು" ಎಂದರು ಕಾಂತಿ.

ಜೂನಿನಲ್ಲಿ, ಶಾಲೆ ಶುರುವಾದ ವಾರ, ವಿಜೇತಾ ಹೊರಟಳು. ನಸುಕಿನಲ್ಲಿ ಸುರಕ್ಷಾಳನ್ನು ಎಬ್ಬಿಸಿ, ಮುಖ ತೊಳೆಸಿ, ಎಲ್ಲಿಗೆ ಹೋಗುತ್ತೇನೆ, ಯಾವ ತಿಂಗಳು ಬರುತ್ತೇನೆ ಎಂದು ಹೇಳಿದಳು. ಸುರಕ್ಷಾ ಜೋರಾಗಿಯೇ ಅತ್ತಳು. ಕಾರು ಗೇಟು ದಾಟುವಾಗಲೂ ಅವಳ ಅಳು ಕೇಳುತ್ತಿತ್ತು. ಸಂಜೆ ಮುಂಬೈಯಿಂದ ಫೋನ್ ಮಾಡಿದಾಗ ಕಾಂತಿಯೇ ಎತ್ತಿದರು. ಮಗು ಎರಡು ದೋಸೆ ತಿಂದು ಶಾಲೆಗೆ ಹೋಗಿ ಬಂದಿದೆ, ಈಗ ಅಂಗಳದಲ್ಲಿ ಆಡುತ್ತಿದೆ, ಕರೆಯಲೇ ಎಂದು ಕೇಳಿದರು.

"ಬೇಡ, ಆಡಲಿ" ಎಂದಳು ವಿಜೇತಾ.